ಕೈಗೆ ಹತ್ತಿದ ಕಸುಬು, ಹೆಸರಿಗೆ ಹತ್ತಿದ ಹುದ್ದೆ

ಇಟಲಿಯ ಮೊಡೆನಾ ನಗರದಲ್ಲಿ ವೈದ್ಯನಾಗಿದ್ದ ಬರ್ನಾರ್ಡಿನೊ ರಮಾಝೀನಿ, ತನ್ನ ಮನೆಯ ಮಲದ ಗುಂಡಿಯನ್ನು ಬರಿದು ಮಾಡುತ್ತಿದ್ದ ಒಬ್ಬ ಕೆಲಸಗಾರನನ್ನು ಒಮ್ಮೆ ಗಮನಿಸಿದ. ಆತ ಮೈಮೇಲೆ ಪ್ರಜ್ಞೆಯಿಲ್ಲದವನಂತೆ ಅವಸರಪಟ್ಟು ದುಡಿಯುತ್ತಿದ್ದ. ಇಷ್ಟೇಕೆ ಧಾವಂತ, ನಿಧಾನವಾಗಿ ಮಾಡಿದರೆ ಇಷ್ಟು ದಣಿವಾಗದಲ್ಲವೇ ಎಂದು ವೈದ್ಯ ಕೇಳಿದ. ಈ ಗುಂಡಿಯಲ್ಲಿ ನಾಲ್ಕು ಗಂಟೆಗಿಂತ ಹೆಚ್ಚು ನಿಲ್ಲುವುದೆಂದರೆ ಏನೆಂದು ನಿಂತವರಿಗಷ್ಟೇ ಗೊತ್ತು, ಅದು ಕಣ್ಣು ಕಳೆದುಕೊಂಡಂತೆಯೇ ಎಂದು ಕೆಲಸಗಾರ ಉತ್ತರಿಸಿದ. ಅವನು ಮೇಲೆ ಬಂದ ಮೇಲೆ ರಮಾಝೀನಿ ಅವನ ಕಣ್ಣುಗಳನ್ನು ಪರೀಕ್ಷಿಸಿದ. ಅವು ಕೆಂಪಾಗಿ ಮಂಜಾಗಿದ್ದವು. ಮನೆಗೆ ಹೋಗಿ ಮರುದಿನದವರೆಗೆ ಕತ್ತಲೆ ಕೋಣೆಯಲ್ಲಿದ್ದು, ಬೆಚ್ಚಗಿನ ನೀರಿನಿಂದ ಕಣ್ಣು ತೊಳೆದುಕೊಳ್ಳುವುದೊಂದೇ ತಮಗಿರುವ ಉಪಾಯವೆಂದು ಆತ ಹೇಳಿದ. ಅದೇ ಕಸುಬು ಮಾಡಿ ದೃಷ್ಟಿ ಕಳೆದುಕೊಂಡು ಊರಿನಲ್ಲಿ ಭಿಕ್ಷೆ ಬೇಡುತ್ತಿದ್ದವರೂ ಆ ನಂತರ ವೈದ್ಯನ ಕಣ್ಣಿಗೆ ಬಿದ್ದರು. ಕೆಲಸಗಾರರ ಕಾಯಿಲೆಗಳ ಕುರಿತು ರಮಾಝೀನಿ 1700ರಲ್ಲಿ ಪ್ರಕಟಿಸಿದ ಗ್ರಂಥಕ್ಕೆ ಬೀಜವಾದದ್ದು ಈ ಭೇಟಿ. ರೋಗಿಯನ್ನು ಕೇಳಬೇಕೆಂದು ಪ್ರಾಚೀನ ಗ್ರೀಸಿನ ವೈದ್ಯ ಹಿಪೊಕ್ರೆಟಿಸ್ ಹೇಳಿದ್ದ ಪ್ರಶ್ನೆಗಳ ಸಾಲಿಗೆ ಅವನು ಇನ್ನೊಂದನ್ನು ಸೇರಿಸಿದ: ನೀನು ಮಾಡುವ ಕೆಲಸ ಯಾವುದು?

ಇಂದು ಆ ಪ್ರಶ್ನೆ ವೈದ್ಯರಿಗಿಂತ ಹೆಚ್ಚಾಗಿ ಅಪರಿಚಿತರ ಬಾಯಿಂದ ಬರುತ್ತದೆ. ಪ್ರಯಾಣದಲ್ಲಿ ಪಕ್ಕ ಕುಳಿತವರು, ಬಾಡಿಗೆಗೆ ಮನೆ ಕೊಡುವವರು, ಮಗುವನ್ನು ಶಾಲೆಗೆ ಸೇರಿಸಿಕೊಳ್ಳುವವರು, ಎಲ್ಲರೂ ಹೆಸರು ಕೇಳಿದ ಮರುಕ್ಷಣ ಅದನ್ನೇ ಕೇಳುತ್ತಾರೆ. ಉತ್ತರ ಸಿಕ್ಕ ಕೂಡಲೇ ಮಾತಿನ ಧಾಟಿ ಬದಲಾಗುತ್ತದೆ. ಎದುರಿನವರನ್ನು ಏಕವಚನದಲ್ಲಿ ಕರೆಯಬೇಕೋ ಬಹುವಚನದಲ್ಲಿ ಕರೆಯಬೇಕೋ ಎಂಬುದು ಎಷ್ಟೋ ಸಲ ಆ ಉತ್ತರದಿಂದಲೇ ತೀರ್ಮಾನವಾಗಿಬಿಡುತ್ತದೆ. ಕೆಲಸವು ಮನುಷ್ಯನಿಗೆ ಏನು ಮಾಡಿದೆ ಎಂದು ತಿಳಿಯಲು ರಮಾಝೀನಿ ಕೇಳಿದ; ಆ ಮನುಷ್ಯನನ್ನು ಎಲ್ಲಿ ಇರಿಸಬೇಕೆಂದು ತಿಳಿಯಲು ನಾವು ಕೇಳುತ್ತೇವೆ. ಈ ಎರಡರ ನಡುವಿನ ಅಂತರ ಬಹಳ ಕಾಲದಿಂದ ನನ್ನನ್ನು ಕಾಡುತ್ತಿದೆ. ಕಸುಬು ವ್ಯಕ್ತಿಯನ್ನು ಒಳಗಿನಿಂದ ತಿದ್ದುತ್ತದೆ, ಸಮಾಜ ಆ ಕಸುಬಿಗೆ ಹೊರಗಿನಿಂದ ದರ್ಜೆ ಕೊಡುತ್ತದೆ. ಎರಡನ್ನೂ ನಾವು ಗುರುತು ಎಂದೇ ಕರೆಯುತ್ತೇವಾದರೂ ಅವು ಹುಟ್ಟುವ ಬಗೆ ಬೇರೆ, ಕಳೆದುಹೋಗುವ ಬಗೆಯೂ ಬೇರೆ.

ಒಳಗಿನಿಂದ ತಿದ್ದುವುದೆಂದರೆ ಏನೆಂದು ನನ್ನ ಕೆಲಸದಿಂದಲೇ ಹೇಳುತ್ತೇನೆ. ನಾನು ಕರಡು ತಿದ್ದುವವಳು. ಈ ಕೆಲಸಕ್ಕೆ ಬಂದವರು ಮೊದಲು ಕಲಿಯಬೇಕಾದದ್ದು ಅರ್ಥದ ಬೆನ್ನು ಹತ್ತಿ ಓಡದಿರುವುದನ್ನು. ವಾಕ್ಯದ ಅರ್ಥ ಹೊಳೆದೊಡನೆ ಮನಸ್ಸು ಇಲ್ಲದ ಅಕ್ಷರವನ್ನೂ ತಾನೇ ತುಂಬಿಕೊಂಡು ಮುಂದೆ ಸಾಗುತ್ತದೆ, ತಪ್ಪು ಅಲ್ಲೇ ಉಳಿಯುತ್ತದೆ. ಆದ್ದರಿಂದ ಸಾಲಿನ ಕೆಳಗೆ ಅಡಿಪಟ್ಟಿ ಇಟ್ಟು, ದೀರ್ಘ ಬಿದ್ದಿದೆಯೇ, ಒತ್ತು ತಕ್ಕ ಅಕ್ಷರದ ಕೆಳಗೇ ಇದೆಯೇ, ಮಹಾಪ್ರಾಣದ ಹೊಟ್ಟೆ ಸೀಳಿದೆಯೇ ಎಂದು ಒಂದೊಂದನ್ನೂ ನೋಡುತ್ತಾ ಹೋಗಬೇಕು. ‘ಪ್ರಶಸ್ತಿ ಪ್ರಧಾನ’ ಎಂದು ಬರೆದು ಬಂದದ್ದನ್ನು ‘ಪ್ರದಾನ’ ಎಂದು ತಿದ್ದುವುದು ಮೊದಮೊದಲು ನಿಯಮವನ್ನು ನೆನಪಿಸಿಕೊಂಡು ಮಾಡುವ ಕೆಲಸ. ವರ್ಷಗಳು ಕಳೆದ ಮೇಲೆ ಆ ಧಕಾರ ಪುಟದಿಂದ ಎದ್ದು ಬಂದು ಕಣ್ಣಿಗೆ ಚುಚ್ಚುತ್ತದೆ. ಹಾಗೆ ಒಮ್ಮೆ ಚುಚ್ಚಲು ಶುರುವಾದರೆ ಕಚೇರಿಯ ಬಾಗಿಲು ದಾಟಿದರೂ ಅದು ನಿಲ್ಲುವುದಿಲ್ಲ. ಮನೆಯವರೊಬ್ಬರಿಗೆ ಆಪರೇಷನ್ ನಡೆಯುತ್ತಿದ್ದಾಗ ಆಸ್ಪತ್ರೆಯ ಹೊರಗಿನ ಬೆಂಚಿನಲ್ಲಿ ಕುಳಿತಿದ್ದೆ. ಕೈ ನಡುಗುತ್ತಿತ್ತು, ಯಾರ ಮಾತೂ ಕಿವಿಗೆ ಬೀಳುತ್ತಿರಲಿಲ್ಲ; ಆದರೂ ಎದುರಿನ ಬಾಗಿಲ ಮೇಲೆ ‘ಶಸ್ತಚಿಕಿತ್ಸಾ ಕೊಠಡಿ’ ಎಂದು ಬರೆದಿರುವುದೂ, ಅಲ್ಲಿ ಒಂದು ರಕಾರದ ಒತ್ತು ಬಿಟ್ಟುಹೋಗಿರುವುದೂ ನನಗೆ ಕಾಣುತ್ತಲೇ ಇತ್ತು. ನೋಡಬೇಕೆಂದು ನಾನು ನೋಡಿದ್ದಲ್ಲ. ಕಸುಬು ತನಗೆ ಬೇಕಾದ ಕಣ್ಣನ್ನು ನನ್ನೊಳಗೆ ಕಟ್ಟಿಕೊಂಡಿತ್ತು, ಆ ಕಣ್ಣು ನನ್ನ ದುಃಖದ ಅಪ್ಪಣೆಗೆ ಕಾಯಲಿಲ್ಲ.

ಇದನ್ನು ಭಾವುಕತೆಯೆಂದು ತಳ್ಳಿಹಾಕುವಂತಿಲ್ಲ. ಲಂಡನ್ನಿನಲ್ಲಿ ಕಪ್ಪು ಟ್ಯಾಕ್ಸಿ ಓಡಿಸುವ ಪರವಾನಗಿ ಬೇಕೆಂದರೆ ನಗರದ ನಡುವಿನ ಚೇರಿಂಗ್ ಕ್ರಾಸ್‌ನಿಂದ ಆರು ಮೈಲಿಯೊಳಗಿನ ಸುಮಾರು 25,000 ಬೀದಿಗಳನ್ನು ಬಾಯಿಪಾಠ ಮಾಡಬೇಕು. ಅದಕ್ಕೆ ಸಾಮಾನ್ಯವಾಗಿ ಮೂರು ನಾಲ್ಕು ವರ್ಷ ಹಿಡಿಯುತ್ತದೆ. ನರವಿಜ್ಞಾನಿ ಎಲಿನಾರ್ ಮಗ್ವೈರ್ ಮತ್ತು ಸಂಗಡಿಗರು 2000ದಲ್ಲಿ ಪ್ರಕಟಿಸಿದ ಅಧ್ಯಯನದ ಪ್ರಕಾರ, ಈ ಚಾಲಕರ ಮಿದುಳಿನಲ್ಲಿ ಜಾಗದ ನೆನಪಿಗೆ ಸಂಬಂಧಿಸಿದ ಹಿಪೊಕ್ಯಾಂಪಸ್‌ನ ಹಿಂಭಾಗ ಇತರರದಕ್ಕಿಂತ ದೊಡ್ಡದಾಗಿತ್ತು. ಹುಟ್ಟಿನಿಂದಲೇ ಅಂಥ ಮಿದುಳಿದ್ದವರು ಈ ಕೆಲಸಕ್ಕೆ ಬರುತ್ತಾರೇನೋ ಎಂಬ ಅನುಮಾನ ಆಗ ಉಳಿದಿತ್ತು. ಹಾಗಾಗಿ ಮುಂದೆ 79 ಮಂದಿ ಕಲಿಕೆಯವರನ್ನು ಆರಂಭದಿಂದಲೇ ಹಿಂಬಾಲಿಸಿ ನೋಡಿದರು. ಶುರುವಿನಲ್ಲಿ ಯಾರ ಮಿದುಳಿನಲ್ಲೂ ಹೆಚ್ಚುಕಡಿಮೆ ಇರಲಿಲ್ಲ. ವರ್ಷಗಳ ಬಳಿಕ ಪರೀಕ್ಷೆ ಗೆದ್ದ 39 ಮಂದಿಯಲ್ಲಿ ಮಾತ್ರ ಆ ಬೆಳವಣಿಗೆ ಕಂಡಿತು ಎಂದು 2011ರ ವರದಿ ಹೇಳಿತು. ನನಗೆ ಇದಕ್ಕಿಂತಲೂ ಮುಖ್ಯವೆನಿಸುವುದು ನಡುವೆ, 2006ರಲ್ಲಿ ಬಂದ ಹೋಲಿಕೆ. ಅದೇ ನಗರದಲ್ಲಿ ಅಷ್ಟೇ ವರ್ಷ, ಅದೇ ವಾಹನಸಂದಣಿಯಲ್ಲಿ ದುಡಿದ ಬಸ್ ಚಾಲಕರಲ್ಲಿ ಈ ಬದಲಾವಣೆ ಇರಲಿಲ್ಲ. ಬಸ್ಸಿನ ದಾರಿಯನ್ನು ಬೇರೆ ಯಾರೋ ಮೊದಲೇ ಗೊತ್ತುಮಾಡಿರುತ್ತಾರೆ, ಟ್ಯಾಕ್ಸಿಯ ದಾರಿಯನ್ನು ಚಾಲಕ ತಾನೇ ಹುಡುಕಬೇಕು. ಅಲ್ಲದೆ ಟ್ಯಾಕ್ಸಿ ಚಾಲಕರೂ ಇದಕ್ಕೆ ಬೆಲೆ ತೆತ್ತಿದ್ದರು. ಕೆಲವು ಬಗೆಯ ಹೊಸ ಆಕೃತಿಗಳನ್ನು ನೆನಪಿಡುವ ಪರೀಕ್ಷೆಯಲ್ಲಿ ಅವರು ಬಸ್ ಚಾಲಕರಿಗಿಂತ ಹಿಂದೆ ಬಿದ್ದರು. ಕಸುಬು ಒಂದನ್ನು ಬೆಳೆಸುವಾಗ ಇನ್ನೊಂದನ್ನು ತಗ್ಗಿಸಿಯೇ ಬೆಳೆಸುತ್ತದೆ.

‘ನೀವು ಮಾಡುವ ಕೆಲಸವೇ ನೀವಲ್ಲ’ ಎಂದು ಇತ್ತೀಚೆಗೆ ಬಹಳ ಮಂದಿ ಸಮಾಧಾನ ಹೇಳುತ್ತಾರೆ. ಆ ಮಾತಿನ ಹಿಂದಿನ ಕಾಳಜಿ ನನಗೆ ಅರ್ಥವಾಗುತ್ತದೆ, ಒಪ್ಪಲು ಮಾತ್ರ ಆಗುವುದಿಲ್ಲ. ಅಂತರರಾಷ್ಟ್ರೀಯ ಕಾರ್ಮಿಕ ಸಂಘಟನೆ 1919ರಲ್ಲಿ ತನ್ನ ಮೊಟ್ಟಮೊದಲ ಒಡಂಬಡಿಕೆಯಲ್ಲಿ ಕಾರ್ಖಾನೆಗಳ ದುಡಿಮೆಗೆ ಹಾಕಿದ ಮಿತಿಯೇ ದಿನಕ್ಕೆ ಎಂಟು ಗಂಟೆ, ವಾರಕ್ಕೆ 48 ಗಂಟೆ. ಎಚ್ಚರವಿರುವ ಹೊತ್ತಿನ ಅರ್ಧವನ್ನು ಮೂವತ್ತು ಮೂವತ್ತೈದು ವರ್ಷ ಒಂದೇ ಬಗೆಯ ಚಲನೆಗೆ, ಒಂದೇ ಬಗೆಯ ಗಮನಕ್ಕೆ ಕೊಟ್ಟ ಮೇಲೆ, ಅದರಿಂದ ಏನೂ ಆಗದ ಶುದ್ಧವಾದ ‘ನಾನು’ ಎಲ್ಲೋ ಬೇರೆ ಕಡೆ ಕಾದು ಕುಳಿತಿರುತ್ತದೆ ಎಂದು ನಾನು ನಂಬಲಾರೆ.

ನನಗೆ ಕೆಲಸ ಕಲಿಸಿದವರಲ್ಲಿ ಮೊಳೆ, ಅಂದರೆ ಅಚ್ಚಿನ ಸೀಸದ ಅಕ್ಷರ, ಜೋಡಿಸುತ್ತಿದ್ದ ಹಿರಿಯರೊಬ್ಬರಿದ್ದರು. ಕನ್ನಡದ ಅಚ್ಚಿಗೆ ಕೈಯಿಂದ ಮೊಳೆ ಜೋಡಿಸುವುದೆಂದರೆ ಮೂಲಾಕ್ಷರಗಳಲ್ಲದೆ ಗುಣಿತಗಳಿಗೂ ಒತ್ತುಗಳಿಗೂ ಬೇರೆಬೇರೆ ಖಾನೆಗಳಿಗೆ ಕೈ ಹೋಗಬೇಕು. ಅವರ ಬೆರಳುಗಳಿಗೆ ಖಾನೆಗಳ ಜಾಗ ಗೊತ್ತಿತ್ತು, ಕಣ್ಣು ಹಸ್ತಪ್ರತಿಯ ಮೇಲಿರುತ್ತಿತ್ತು. ಸೀಸದಲ್ಲಿ ಅಕ್ಷರ ಕನ್ನಡಿಯಲ್ಲಿ ಕಂಡಂತೆ ಹಿಂದುಮುಂದಾಗಿರುತ್ತದೆ. ಅವರು ಅದನ್ನು ನಾವು ಪತ್ರಿಕೆ ಓದುವಷ್ಟೇ ಸಲೀಸಾಗಿ ಓದುತ್ತಿದ್ದರು. ಯಾರಾದರೂ ಹೊಸಬರು ಬಂದು ಹೆಸರು ಹೇಳಿದರೆ ಆ ಹೆಸರಿಗೆ ಎಷ್ಟು ಮೊಳೆ ಬೇಕೆಂದು ಅವರ ಬಾಯಿಗೆ ತಾನಾಗಿ ಬರುತ್ತಿತ್ತು. ಕಡಿಮೆ ಮೊಳೆಯ ಹೆಸರಿನವರನ್ನು ಕಂಡರೆ ಅವರಿಗೆ ಒಂದು ಬಗೆಯ ಅಕ್ಕರೆ. ಕಂಪ್ಯೂಟರ್ ಅಕ್ಷರಜೋಡಣೆ ಬಂದಾಗ ಆಡಳಿತದವರು ಅವರನ್ನು ಮನೆಗೆ ಕಳಿಸಲಿಲ್ಲ. ಸಂಬಳ ಕಡಿತ ಮಾಡಲಿಲ್ಲ, ಮೇಲ್ವಿಚಾರಕರೆಂಬ ಹುದ್ದೆಯನ್ನೂ ಕೊಟ್ಟು, ಅಚ್ಚಾಗಿ ಬಂದ ಹಾಳೆಗಳ ಲೆಕ್ಕ ಬರೆಯಲು ಕೂರಿಸಿದರು. ಹೊರಗಿನಿಂದ ನೋಡಿದವರಿಗೆ ಅದು ಬಡ್ತಿ. ಹೊಸಬರು ಅವರಿಗೆ ಮೊದಲಿಗಿಂತ ಹೆಚ್ಚು ಮರ್ಯಾದೆ ಕೊಟ್ಟರು. ಆದರೆ ಅವರ ಕೈಗಳಿಗೆ ಗೊತ್ತಿದ್ದ ಅಷ್ಟನ್ನೂ ಇನ್ನು ಯಾರೂ ಕೇಳುವವರಿರಲಿಲ್ಲ, ಮತ್ತು ಆ ನಷ್ಟಕ್ಕೆ ಸಂತಾಪ ಸೂಚಿಸುವ ಮಾತೇ ಆ ಕಚೇರಿಯಲ್ಲಿ ಯಾರ ಬಳಿಯೂ ಇರಲಿಲ್ಲ. ಹುದ್ದೆ ಏರುತ್ತಿರುವಾಗಲೇ ಮನುಷ್ಯನ ಗುರುತು ಕಳೆದುಹೋಗಬಲ್ಲದು ಎಂಬುದನ್ನು ನಾನು ಕಣ್ಣಾರೆ ಕಂಡದ್ದು ಅಲ್ಲಿ.

ಹೊರಗಿನ ದರ್ಜೆಯ ಕಥೆಯೇ ಬೇರೆ. ಅಮೆರಿಕದಲ್ಲಿ 1947ರಲ್ಲಿ 90 ಉದ್ಯೋಗಗಳ ಪಟ್ಟಿ ಮಾಡಿ, ಯಾವುದು ಎಷ್ಟು ಗೌರವದ್ದೆಂದು ಜನರನ್ನು ಕೇಳಿದ ಸಮೀಕ್ಷೆಯಲ್ಲಿ ಸುಪ್ರೀಂ ಕೋರ್ಟಿನ ನ್ಯಾಯಾಧೀಶರು ತುತ್ತತುದಿಯಲ್ಲಿದ್ದರು, ವೈದ್ಯರು ಅವರ ಹಿಂದೆಯೇ ಇದ್ದರು, ಬೂಟು ಪಾಲಿಶ್ ಮಾಡುವವರು ಕಟ್ಟಕಡೆಯಲ್ಲಿದ್ದರು. 1963ರಲ್ಲಿ ಅದನ್ನೇ ಮತ್ತೆ ಕೇಳಿದಾಗ ಕ್ರಮ ಕದಲಿರಲಿಲ್ಲವೆಂದೇ ಹೇಳಬೇಕು. ಮುಂದೆ ಸಮಾಜಶಾಸ್ತ್ರಜ್ಞ ಡೊನಾಲ್ಡ್ ಟ್ರೀಮನ್ ಸುಮಾರು ಅರವತ್ತು ದೇಶಗಳ ಮಾಹಿತಿ ಕೂಡಿಸಿ 1977ರಲ್ಲಿ ಪ್ರಕಟಿಸಿದಾಗಲೂ, ಶ್ರೀಮಂತ ದೇಶ ಬಡ ದೇಶ ಎಂಬ ಭೇದವಿಲ್ಲದೆ ಏಣಿಯ ಮೆಟ್ಟಿಲುಗಳು ಹೆಚ್ಚುಕಡಿಮೆ ಒಂದೇ ಕ್ರಮದಲ್ಲಿದ್ದವು. ಅಧಿಕಾರ, ಓದು, ಹಣ ಇರುವ ಕೆಲಸಗಳು ಮೇಲೆ; ಮೈ ಕೊಳೆಯಾಗುವ, ಇನ್ನೊಬ್ಬರ ಅಪ್ಪಣೆಯಲ್ಲಿ ನಡೆಯುವ ಕೆಲಸಗಳು ಕೆಳಗೆ. ಆ ಕೆಲಸ ನಿಂತರೆ ಉಳಿದವರ ಬದುಕು ಏನಾಗುತ್ತದೆ ಎಂಬ ಪ್ರಶ್ನೆಗೆ ಈ ಏಣಿಯಲ್ಲಿ ಜಾಗವಿಲ್ಲ.

ಆ ಪ್ರಶ್ನೆಯನ್ನು ಅತ್ಯಂತ ನೇರವಾಗಿ ಕೇಳಿದ್ದು ಅಮೆರಿಕದ ಮೆಂಫಿಸ್ ನಗರದ ಕಸ ಸಾಗಿಸುವವರು. 1968ರ ಫೆಬ್ರವರಿ 1ರಂದು ಸುರಿಯುವ ಮಳೆಯಲ್ಲಿ ಕಸದ ಲಾರಿಯ ಹಿಂಬದಿಯಲ್ಲಿ ಆಸರೆ ಪಡೆದಿದ್ದ ಇಬ್ಬರು ಕಾರ್ಮಿಕರು, ಕಸ ಅದುಮುವ ಯಂತ್ರ ಕೆಟ್ಟು ತಾನಾಗಿ ಚಾಲೂ ಆದದ್ದರಿಂದ ಅದರೊಳಗೆ ಸಿಲುಕಿ ಸತ್ತರು. ಫೆಬ್ರವರಿ 12ರಿಂದ ಸುಮಾರು 1,300 ಕಾರ್ಮಿಕರು, ಬಹುತೇಕ ಎಲ್ಲರೂ ಕಪ್ಪು ಜನ, ಕೆಲಸ ನಿಲ್ಲಿಸಿದರು. ಕೂಲಿ ಹೆಚ್ಚಿಸಿ, ಸಂಘವನ್ನು ಮಾನ್ಯ ಮಾಡಿ ಎಂಬ ಬೇಡಿಕೆಗಳಿದ್ದವು. ಆದರೆ ಅವರು ಕೊರಳಿಗೆ ಹಾಕಿಕೊಂಡು, ಕೈಯಲ್ಲಿ ಎತ್ತಿ ಹಿಡಿದು ನಡೆದ ಫಲಕದಲ್ಲಿ ಇದ್ದದ್ದು ಇಷ್ಟೇ: ನಾನು ಮನುಷ್ಯ. ಹೊರಗಿನ ಗುರುತು ಎಷ್ಟರಮಟ್ಟಿಗೆ ಒಬ್ಬರನ್ನು ನುಂಗಬಲ್ಲದೆಂದರೆ, ಬೇರೆ ಯಾರೂ ಸಾಬೀತು ಮಾಡಬೇಕಿಲ್ಲದ ಸಂಗತಿಯನ್ನು ಅವರು ಬೀದಿಯಲ್ಲಿ ನಿಂತು ಸಾರಬೇಕಾಯಿತು. ಮಾರ್ಚ್ 18ರಂದು ಅವರ ಸಭೆಯಲ್ಲಿ ಮಾತನಾಡಿದ ಮಾರ್ಟಿನ್ ಲೂಥರ್ ಕಿಂಗ್, ನಮ್ಮ ಕಸ ಎತ್ತುವವರು ಕೊನೆಗೆ ನೋಡಿದರೆ ವೈದ್ಯರಷ್ಟೇ ಮುಖ್ಯರು, ಅವರು ತಮ್ಮ ಕೆಲಸ ಮಾಡದಿದ್ದರೆ ರೋಗಗಳು ಹಬ್ಬುತ್ತವೆ ಎಂಬ ಅರ್ಥದ ಮಾತನ್ನು ಹೇಳಿದರು. ಏಪ್ರಿಲ್ 4ರಂದು ಅದೇ ನಗರದಲ್ಲಿ ಅವರ ಕೊಲೆಯಾಯಿತು. ಏಪ್ರಿಲ್ 16ರಂದು ನಗರಾಡಳಿತ ಒಪ್ಪಂದಕ್ಕೆ ಬಂದಿತು. ರಮಾಝೀನಿಯ ಗುಂಡಿಯ ಕೆಲಸಗಾರನ ಹೆಸರು ನಮಗೆ ಗೊತ್ತಿಲ್ಲ, ವೈದ್ಯನ ಹೆಸರು ಗೊತ್ತಿದೆ. ಇಬ್ಬರೂ ಕಾಯುತ್ತಿದ್ದದ್ದು ಒಂದೇ ಊರಿನ ಆರೋಗ್ಯವನ್ನು ಎಂಬುದನ್ನು ಕಿಂಗ್ ಅವರ ಮಾತಿನ ಬೆಳಕಿನಲ್ಲಿ ಓದಿದಾಗ ಆ ಹಳೆಯ ಪ್ರಸಂಗ ನನಗೆ ಬೇರೆಯಾಗಿಯೇ ಕಾಣುತ್ತದೆ.

ಕೆಲಸಕ್ಕೆ ಹೊರಗಿನಿಂದ ಕೊಟ್ಟ ದರ್ಜೆ ಮಕ್ಕಳು ಮೊಮ್ಮಕ್ಕಳಿಗೂ ದಾಟುವಂತೆ ಮಾಡಿದ ಸಮಾಜಗಳೂ ಇವೆ. ನಾಲ್ಕನೆಯ ಶತಮಾನದ ರೋಮನ್ ಸಾಮ್ರಾಜ್ಯದಲ್ಲಿ ರೊಟ್ಟಿ ಸುಡುವವರ ಮಕ್ಕಳು ಅದೇ ಕಸುಬಿನಲ್ಲಿ ಉಳಿಯಬೇಕೆಂದು ಕಾನೂನೇ ಇತ್ತು. ಜಾತಿಯ ವಿಷಯದಲ್ಲಿ ಅಂಬೇಡ್ಕರ್ ಅವರು 1936ರಲ್ಲಿ ಹೇಳಿದ ಮಾತು ಈ ಇಡೀ ಚರ್ಚೆಯ ನಾಡಿ ಹಿಡಿಯುತ್ತದೆ: ಅದು ಶ್ರಮದ ವಿಭಜನೆ ಮಾತ್ರವಲ್ಲ, ಶ್ರಮಿಕರ ವಿಭಜನೆ. ಕೆಲಸವನ್ನು ಹಂಚಿಕೊಳ್ಳದೆ ಯಾವ ಸಮಾಜವೂ ನಡೆಯದು. ಹಂಚಿಕೆಯಾದದ್ದು ಮನುಷ್ಯರೇ ಆದಾಗ ಕಸುಬಿನ ಒಳಗಿನ ಕೌಶಲವೂ ಅವಮಾನದ ಗುರುತಾಗಿಬಿಡುತ್ತದೆ, ಚೆನ್ನಾಗಿ ಮಾಡಿದಷ್ಟೂ ಅದರಿಂದ ಬಿಡುಗಡೆ ದೂರವಾಗುತ್ತದೆ.

ಹೆಣ್ಣುಮಕ್ಕಳ ಕೈಯಲ್ಲಿರುವ ಕೆಲಸದ ದರ್ಜೆ ಯಾವಾಗಲೂ ಒಂದು ಮೆಟ್ಟಿಲು ಕೆಳಗಿರುತ್ತದೆ ಎಂಬುದನ್ನು ನಾನು ಬೇರೆಯಾಗಿ ವಿವರಿಸಬೇಕಿಲ್ಲವೇನೋ. ಎನಿಯಾಕ್ ಎಂಬ ಗಣಕಯಂತ್ರವನ್ನು 1946ರ ಫೆಬ್ರವರಿಯಲ್ಲಿ ಜಗತ್ತಿಗೆ ತೋರಿಸಿದಾಗ, ಅದು ಲೆಕ್ಕ ಮಾಡುವಂತೆ ಯೋಜನೆ ಹಾಕಿ ತಂತಿ ಜೋಡಿಸಿದ್ದವರು ಆರು ಜನ ಮಹಿಳೆಯರು. ಅಂದಿನ ಸಮಾರಂಭದಲ್ಲಿ ಅವರ ಪರಿಚಯ ಮಾಡಿಕೊಡಲಿಲ್ಲ; ಅದು ಗುಮಾಸ್ತಿಕೆಯಂಥ ಕೆಲಸವೆಂದು ಎಣಿಸಲಾಗಿತ್ತು. ಅದೇ ಪ್ರೋಗ್ರಾಮಿಂಗ್ ಮುಂದೆ ಗಂಡಸರ ಉದ್ಯೋಗವಾದಾಗ ಅದರ ದರ್ಜೆಯೂ ಸಂಬಳವೂ ಎಲ್ಲಿಗೆ ಏರಿದವೆಂದು ಎಲ್ಲರಿಗೂ ಗೊತ್ತಿದೆ.

ಕೆಲಸವೇ ಇಲ್ಲವಾದರೆ ಏನಾಗುತ್ತದೆ? ವಿಯೆನ್ನಾ ಬಳಿಯ ಮರೀಂತಾಲ್ ಎಂಬ ಹಳ್ಳಿ ಒಂದು ಬಟ್ಟೆ ಗಿರಣಿಯನ್ನೇ ನಂಬಿಕೊಂಡಿತ್ತು. ಜಾಗತಿಕ ಆರ್ಥಿಕ ಕುಸಿತದ ಕಾಲದಲ್ಲಿ ಗಿರಣಿ ಮುಚ್ಚಿದಾಗ ಅಲ್ಲಿನ 478 ಕುಟುಂಬಗಳಲ್ಲಿ ಬಹುಪಾಲು ಕುಟುಂಬಗಳ ದುಡಿಮೆ ನಿಂತಿತು. ಮರೀ ಯಹೋಡಾ, ಪಾಲ್ ಲಾಝರ್ಸ್‌ಫೆಲ್ಡ್, ಹಾನ್ಸ್ ಝೈಸಲ್ ಮತ್ತು ಜೊತೆಗಾರರು ಆ ಹಳ್ಳಿಯಲ್ಲಿ ನಡೆಸಿ 1933ರಲ್ಲಿ ಪ್ರಕಟಿಸಿದ ಅಧ್ಯಯನವನ್ನು ನಾನು ಮೊದಲು ಓದಿದಾಗ, ಹಸಿವಿನ ಲೆಕ್ಕಕ್ಕಿಂತ ಹೆಚ್ಚಾಗಿ ಮನಸ್ಸಿನಲ್ಲಿ ನಿಂತದ್ದು ನಡಿಗೆಯ ಲೆಕ್ಕ. ಸಂಶೋಧಕರು ಮರೆಯಲ್ಲಿ ನಿಂತು, ಮುಖ್ಯ ಬೀದಿಯಲ್ಲಿ ಹೋಗುವವರ ವೇಗವನ್ನು ಗುರುತು ಹಾಕಿಕೊಂಡರು. ಎಲ್ಲಿಗೂ ಹೋಗಬೇಕಿಲ್ಲದ ಗಂಡಸರು ಕಾಲೆಳೆಯುತ್ತಾ, ನಡುನಡುವೆ ನಿಲ್ಲುತ್ತಾ ಸಾಗುತ್ತಿದ್ದರು. ಎಷ್ಟೋ ಮಂದಿ ಗಡಿಯಾರ ಕಟ್ಟಿಕೊಳ್ಳುವುದನ್ನೇ ಬಿಟ್ಟಿದ್ದರು. ಗ್ರಂಥಾಲಯದಲ್ಲಿ ಚಂದಾ ತೆಗೆದುಹಾಕಿದ್ದರೂ ಜನ ಒಯ್ಯುವ ಪುಸ್ತಕಗಳ ಸಂಖ್ಯೆ ಎರಡು ವರ್ಷಗಳಲ್ಲಿ ಸುಮಾರು ಅರ್ಧಕ್ಕಿಳಿದಿತ್ತು. ಬಿಡುವಿದ್ದರೆ ಓದುತ್ತೇನೆ ಎನ್ನುವವರಿಗೆಲ್ಲ ಈ ಸಂಗತಿ ತಿಳಿದಿರಬೇಕೆಂದು ನನ್ನ ಆಸೆ. ಕೆಲಸವಿದ್ದವರಿಗಷ್ಟೇ ಬಿಡುವು ಎಂಬುದಿರುತ್ತದೆ. ಕೆಲಸ ಕಳೆದುಕೊಂಡವರಿಗೆ ಉಳಿಯುವುದು ಬರಿಯ ಹೊತ್ತು. ಯಹೋಡಾ ಅವರು ಮುಂದೆ ಇದನ್ನೇ ವಿಸ್ತರಿಸಿ, ಉದ್ಯೋಗವು ಕೂಲಿಯ ಜೊತೆಗೆ ದಿನಕ್ಕೊಂದು ಕ್ರಮವನ್ನೂ ಮನೆಯಾಚೆಯ ಒಡನಾಟವನ್ನೂ ಕೂಡಿ ಸಾಧಿಸುವ ಗುರಿಯನ್ನೂ ಸ್ಥಾನಮಾನವನ್ನೂ ಕೊಡುತ್ತದೆ, ಮೈಮನಸ್ಸುಗಳನ್ನು ಚಟುವಟಿಕೆಯಲ್ಲಿ ಇರಿಸುತ್ತದೆ ಎಂದು ವಿವರಿಸಿದರು.

ಅದೇ ಬೀದಿಯಲ್ಲಿ ಹೆಂಗಸರು ಮಾತ್ರ ಬಿರಬಿರನೆ ನಡೆಯುತ್ತಿದ್ದರು. ಗಿರಣಿಯ ಕೆಲಸ ಅವರಿಗೂ ಹೋಗಿತ್ತು, ಆದರೆ ಮನೆಗೆಲಸ ಹೋಗಿರಲಿಲ್ಲ. ಇರುವ ಅಲ್ಪದಲ್ಲಿ ಉಣಿಸುವ, ಹರಿದದ್ದನ್ನು ಮತ್ತೆ ಮತ್ತೆ ಹೊಲಿಯುವ ಹೊರೆ ಇನ್ನೂ ಹೆಚ್ಚಾಗಿತ್ತು. ಕೆಲಸದ ಒಳಗಿನ ಗುರುತು ಅವರಲ್ಲಿ ಪೂರ್ತಿಯಾಗಿ ಉಳಿದಿತ್ತು, ಹೊರಗಿನ ಗುರುತು ಎಂದೂ ಇರಲೇ ಇಲ್ಲ. ಯಾವ ಪಟ್ಟಿಯಲ್ಲೂ ಉದ್ಯೋಗವೆಂದು ಬರೆಯದ ಈ ದುಡಿಮೆ ಇದ್ದಕ್ಕಿದ್ದಂತೆ ನಿಂತರೆ ಏನಾಗುತ್ತದೆಂದು ಐಸ್‌ಲ್ಯಾಂಡ್ 1975ರ ಅಕ್ಟೋಬರ್ 24ರಂದು ಕಂಡಿತು. ದೇಶದ ಶೇಕಡಾ 90ರಷ್ಟು ಹೆಂಗಸರು ಅಂದು ಕಚೇರಿ, ಕಾರ್ಖಾನೆ, ಮನೆ ಎಲ್ಲ ಕಡೆಯೂ ಕೆಲಸದಿಂದ ದೂರ ಉಳಿದರು. ಶಾಲೆಗಳೂ ಶಿಶುವಿಹಾರಗಳೂ ಮುಚ್ಚಿದವು, ತಂದೆಯಂದಿರು ಮಕ್ಕಳನ್ನು ಕೈಹಿಡಿದುಕೊಂಡು ತಮ್ಮ ಕಚೇರಿಗಳಿಗೆ ಬಂದರು. ಮರುವರ್ಷವೇ ಅಲ್ಲಿನ ಸಂಸತ್ತು ಸಮಾನತೆಯ ಕಾನೂನು ಮಾಡಿತು. 1980ರಲ್ಲಿ ವಿಗ್ದೀಸ್ ಫಿನ್‌ಬೊಗಾದೊತ್ತಿರ್ ಆ ದೇಶದ ಅಧ್ಯಕ್ಷೆಯಾಗಿ ಆಯ್ಕೆಯಾದರು. ಜನರ ಮನಸ್ಸಿನಲ್ಲಿರುವ ದರ್ಜೆಯ ಏಣಿ ಕದಲುವಂಥದ್ದೇ ಅಲ್ಲ ಎಂದು ಯಾರಾದರೂ ಹೇಳಿದಾಗ ನಾನು ಆ ಒಂದು ದಿನವನ್ನು ನೆನಪಿಸುತ್ತೇನೆ.

ಈಗ ಕರಡು ತಿದ್ದುವ ನಮ್ಮ ಕೋಣೆಗೂ ತಂತ್ರಾಂಶ ಬಂದಿದೆ. ಒತ್ತು ಬಿಟ್ಟುಹೋದ ಪದಗಳನ್ನು ಅದು ನನಗಿಂತ ವೇಗವಾಗಿ ಹಿಡಿಯುತ್ತದೆ, ಅದರ ಬಗ್ಗೆ ನನಗೆ ದೂರೇನೂ ಇಲ್ಲ. ಹಳೆಯ ಕೆಲಸದಲ್ಲಿ ಕಣ್ಣು ಸುಮ್ಮನೆ ಸವೆಯುವ ಭಾಗ ಬಹಳವಿತ್ತು. ನನ್ನ ಚಿಂತೆ ಹೊಸದಾಗಿ ಬಂದ ಹುಡುಗ ಹುಡುಗಿಯರದ್ದು. ಅವರ ಹುದ್ದೆಯ ಹೆಸರು ನಾನು ಸೇರಿದಾಗ ನನಗಿದ್ದ ಹೆಸರಿಗಿಂತ ದೊಡ್ಡದು, ಸಂಬಳವೂ ಉತ್ತಮ. ಆದರೆ ಅವರ ಮೇಜಿಗೆ ಬರುವುದು ಯಂತ್ರ ಆಗಲೇ ಗುರುತು ಹಾಕಿದ ಪುಟ. ಒಪ್ಪಿಗೆ ಅಥವಾ ನಿರಾಕರಣೆ ಒತ್ತುವುದು ಅವರ ಕೆಲಸ. ದಾರಿಯನ್ನು ಬೇರೆಯವರು ಮೊದಲೇ ಗೊತ್ತುಮಾಡಿದ ಮೇಲೆ ಓಡಿಸುವವರ ಒಳಗೆ ಏನು ಬೆಳೆಯುವುದಿಲ್ಲ ಎಂಬುದನ್ನು ಲಂಡನ್ನಿನ ಬಸ್ ಚಾಲಕರ ಅಧ್ಯಯನ ತೋರಿಸಿಕೊಟ್ಟಿದೆ. ‘ಪ್ರದಾನ’, ‘ಪ್ರಧಾನ’ ಎರಡೂ ನಿಘಂಟಿನಲ್ಲಿರುವ ಪದಗಳೇ ಆದ್ದರಿಂದ ನಮ್ಮಲ್ಲಿರುವ ತಂತ್ರಾಂಶ ಎರಡನ್ನೂ ಹಾಗೆಯೇ ಬಿಡುತ್ತದೆ, ಅದು ಬಿಟ್ಟದ್ದನ್ನು ಇವರೂ ಬಿಡುತ್ತಾರೆ. ಇವರು ಜಾಣರಲ್ಲವೆಂದಲ್ಲ, ಆ ಧಕಾರ ಚುಚ್ಚುವ ಕಣ್ಣು ಮೂಡುವಷ್ಟು ಹಸಿ ಕರಡನ್ನು ಇವರಿಗೆ ಯಾರೂ ಕೊಟ್ಟಿಲ್ಲ. ಹೊಸಬರಿಗೆ ಮೊದಲ ವರ್ಷ ಯಂತ್ರ ಮುಟ್ಟದ ಪುಟಗಳನ್ನೇ ಕೊಡಬೇಕು, ಅದರಿಂದ ತಡವಾದರೂ ಸರಿ ಎಂದು ನಾನು ಲಿಖಿತವಾಗಿ ಕೇಳಿದ್ದೇನೆ. ಅಷ್ಟು ಸಮಯವಿಲ್ಲವೆಂದು ಉತ್ತರ ಬಂದಿದೆ. ಇನ್ನೊಮ್ಮೆ ಕೇಳುವವಳಿದ್ದೇನೆ, ಈ ಸಲ ಮೂರು ತಿಂಗಳಾದರೂ ಕೊಡಿ ಎಂದು.